ಹಳಿ ಕಾಯುವ ಕಣ್ಣು

(ರೈಲು ಹಳಿಯನ್ನು ಕುರಿತ ಕಿರುಚಿತ್ರವೊಂದನ್ನು ತೋರಿಸಿದ ನಂತರ ಶಿವಮೊಗ್ಗದಲ್ಲಿ ಆಡಿದ ಮಾತುಗಳಿವು. ಬರೆಯುವಾಗ ಕೆಲವನ್ನು ಕೈಬಿಟ್ಟಿದ್ದೇನೆ, ಅಂದು ಹೇಳಲು ಮರೆತಿದ್ದ ಒಂದೆರಡನ್ನು ಸೇರಿಸಿದ್ದೇನೆ.)

ಎಲ್ಲರಿಗೂ ನಮಸ್ಕಾರ.

ಚಿತ್ರ ಶುರುವಾಗಿ ಆರೇಳು ನಿಮಿಷ ಆಗಿತ್ತು. ಹಿಂದಿನ ಸಾಲಿನಿಂದ ಒಂದು ಮಗು, ‘ಅಮ್ಮಾ, ರೈಲು ಯಾವಾಗ ಬರುತ್ತದೆ?’ ಎಂದು ಕೇಳಿತು. ‘ಸುಮ್ಮನಿರು, ಈಗ ಬರುತ್ತದೆ’ ಎಂದರು ಅಮ್ಮ. ಪಾಪ, ಅವರಿಗೇನು ಗೊತ್ತು. ರೈಲು ಬರುವುದು 19ನೇ ನಿಮಿಷಕ್ಕೆ, ಅದೂ ಬರೀ ಚಕ್ರಗಳು, 40 ಸೆಕೆಂಡು. ಅಷ್ಟು ಹೊತ್ತಿಗೆ ಮಗು ನಿದ್ದೆ ಹೋಗಿತ್ತು. ನನಗೇನೂ ಬೇಸರವಿಲ್ಲ. 24 ನಿಮಿಷದ ಚಿತ್ರ, ಹನ್ನೊಂದೇ ಶಾಟ್‌ಗಳು, ಮಾತಿಲ್ಲ, ಸಂಗೀತವಿಲ್ಲ, ಹಳಿ ಇದೆ, ರೈಲು ಇಲ್ಲ. ಯಾರಾದರೂ ಕೇಳಬೇಕಾದ ಪ್ರಶ್ನೆಯೇ ಅದು. ದೊಡ್ಡವರು ಮರ್ಯಾದೆಗೆ ಬಾಯಿ ಮುಚ್ಚಿಕೊಂಡು ಕೂತಿದ್ದಿರಿ, ಅಷ್ಟೇ.

ನಾನು ಸಿನಿಮಾದವನಲ್ಲ. 31 ವರ್ಷ ಪ್ರೌಢಶಾಲೆಗಳಲ್ಲಿ ವಿಜ್ಞಾನ ಪಾಠ ಮಾಡಿ ನಿವೃತ್ತನಾದವನು. ಕ್ಯಾಮೆರಾ ನನ್ನ ಹಳೆಯ ವಿದ್ಯಾರ್ಥಿಯದು. ಮದುವೆ, ಗೃಹಪ್ರವೇಶಗಳ ವಿಡಿಯೊ ತೆಗೆಯುವುದು ಅವನ ಕಸುಬು. ಆಷಾಢದಲ್ಲಿ ಮದುವೆಗಳಿಲ್ಲ, ಹಾಗಾಗಿ ಅವನಿಗೆ ಬಿಡುವು. ಈ ಚಿತ್ರದಲ್ಲಿ ಅಷ್ಟೊಂದು ಮಳೆ ಇರುವುದಕ್ಕೆ ಬೇರೆ ಕಾರಣ ಹುಡುಕಬೇಡಿ, ಪಂಚಾಂಗವೇ ಕಾರಣ. ಬಿಸಿಲಿನ ಶಾಟ್‌ಗಳಿಗಾಗಿ ಏಪ್ರಿಲ್‌ನಲ್ಲಿ ಮುಹೂರ್ತವಿಲ್ಲದ ಎರಡು ದಿನ ಹುಡುಕಿಕೊಳ್ಳಬೇಕಾಯಿತು. ಅವನಿಗೆ ಹಿನ್ನೆಲೆಗೆ ಕೊಳಲು ಹಾಕಿಸುವ ಆಸೆ ಬಹಳ ಇತ್ತು. ಮಲೆನಾಡು ಎಂದರೆ ಮಂಜು, ಮಂಜು ಎಂದರೆ ಕೊಳಲು, ಆಮೇಲೆ ಆಕಾಶದಿಂದ ಡ್ರೋನ್. ನಾನು ಒಪ್ಪಲಿಲ್ಲ. ಈಗಲೂ ನನ್ನ ಮೇಲೆ ಅವನಿಗೆ ಸ್ವಲ್ಪ ಮುನಿಸಿದೆ. ಅಲ್ಲಿ ಪ್ರೊಜೆಕ್ಟರ್ ಪಕ್ಕ ನಿಂತಿದ್ದಾನೆ, ಮುಖ ನೋಡಿದರೆ ನಿಮಗೂ ತಿಳಿಯುತ್ತದೆ.

ನನಗೂ ಹಳಿಗೂ ಸಂಬಂಧ ಶುರುವಾದದ್ದು ಕಣ್ಣಿನಿಂದಲ್ಲ, ಕಿವಿಯಿಂದ. ನಾನು ಓದಿದ ಪ್ರಾಥಮಿಕ ಶಾಲೆಯಲ್ಲಿ ಗಂಟೆ ಎಂದರೆ ಹಲಸಿನ ಮರಕ್ಕೆ ತಂತಿಯಿಂದ ಕಟ್ಟಿದ ಒಂದೂವರೆ ಅಡಿಯ ಹಳಿಯ ತುಂಡು. ಬಡಿಯಲು ಒಂದು ದಪ್ಪ ಬೋಲ್ಟು. ನಿಮ್ಮಲ್ಲಿ ಅರ್ಧ ಜನರ ಶಾಲೆಯಲ್ಲಿಯೂ ಅದೇ ಇದ್ದಿರಬೇಕು. ಹಳಿಯ ಸೊಂಟದ ಮೇಲೆ ತಯಾರಕರ ಗುರುತು, ಇಸವಿ ಉಬ್ಬು ಅಕ್ಷರದಲ್ಲಿ ಇರುತ್ತವೆ. ನಮ್ಮ ತುಂಡಿನಲ್ಲಿ ‘19’ ಎಂದಷ್ಟೇ ಇತ್ತು; ಉಳಿದ ಎರಡು ಅಂಕೆಗಳು ಗರಗಸದ ಆಚೆ ಉಳಿದುಹೋಗಿದ್ದವು. ಆ ಎರಡು ಅಂಕೆ ಯಾವುವು ಎಂದು ನಾವು ಹುಡುಗರು ಪಂದ್ಯ ಕಟ್ಟುತ್ತಿದ್ದೆವು. ಯಾರೂ ಗೆಲ್ಲಲಿಲ್ಲ, ಯಾರೂ ಸೋಲಲಿಲ್ಲ. ಮಳೆಗಾಲದಲ್ಲಿ ಅದರ ಸದ್ದು ಮಂಕಾಗುತ್ತಿತ್ತು, ಬೇಸಿಗೆಯಲ್ಲಿ ಗದ್ದೆ ದಾಟಿ ಆಚೆ ಕೇರಿಗೂ ಕೇಳುತ್ತಿತ್ತು.

ಮುಂದೆ ಮೇಷ್ಟ್ರಾದ ಮೇಲೆ ಅದೇ ಹಳಿ ಪಾಠವಾಗಿ ಬಂತು. ‘ರೈಲು ಹಳಿಗಳ ನಡುವೆ ಸಂದು ಬಿಡುವುದೇಕೆ?’ ಎರಡು ಅಂಕದ ಪ್ರಶ್ನೆ. ಲೋಹ ಕಾದಾಗ ಹಿಗ್ಗುತ್ತದೆ, ಜಾಗ ಬೇಕು, ಅದಕ್ಕೆ ಸಂದು. 13 ಮೀಟರಿನ ಹಳಿ 30 ಡಿಗ್ರಿ ಹೆಚ್ಚು ಕಾದರೆ ಹಿಗ್ಗುವುದು ಐದು ಮಿಲಿಮೀಟರಿಗೂ ಕಡಿಮೆ. ಅದೇ ಲೆಕ್ಕದಲ್ಲಿ ಒಂದು ಕಿಲೋಮೀಟರಿಗೆ 36 ಸೆಂಟಿಮೀಟರ್, ಮುಕ್ಕಾಲು ಮೊಳ. ಬೋರ್ಡಿನ ಮೇಲೆ ಬರೆದು ಬರೆದು ನನಗೆ ಬಾಯಿಪಾಠವಾಗಿತ್ತು. ಒಂದು ದಿನ ಒಬ್ಬ ಹುಡುಗಿ ಎದ್ದು ನಿಂತು, ‘ಸರ್, ನಮ್ಮ ಮನೆಯ ಹಿಂದಿನ ಲೈನಿನಲ್ಲಿ ಸಂದೇ ಇಲ್ಲವಲ್ಲ’ ಎಂದಳು. ನಾನು ಸಂಜೆ ರೈಲ್ವೆ ಗೇಟಿನ ಬಳಿ ಹೋಗಿ ನೋಡಿದೆ. ನಿಜ. ಹಳಿ ಕಣ್ಣಿಗೆ ಕಾಣುವಷ್ಟು ದೂರ ಒಂದೇ ಸಮನೆ ಹೋಗಿತ್ತು. ಅಷ್ಟು ವರ್ಷ ನಾನು ಹಳೆಯ ಉತ್ತರಕ್ಕೆ ಎರಡೆರಡು ಅಂಕ ಕೊಡುತ್ತಾ ಬಂದಿದ್ದೆ.

ಈಗ ಹಳಿಗಳನ್ನು ಒಂದಕ್ಕೊಂದು ಬೆಸೆಯುತ್ತಾರೆ. ಅಲ್ಯೂಮಿನಿಯಂ ಪುಡಿ, ಕಬ್ಬಿಣದ ಆಕ್ಸೈಡು ಸೇರಿಸಿ ಕಿಡಿ ಕೊಟ್ಟರೆ ಕೆಲವೇ ಕ್ಷಣಗಳಲ್ಲಿ ಕರಗಿದ ಉಕ್ಕು ಸಂದಿಗೆ ಇಳಿಯುತ್ತದೆ. ಹಾಗಾದರೆ ಮುಕ್ಕಾಲು ಮೊಳ ಎಲ್ಲಿಗೆ ಹೋಯಿತು? ಎಲ್ಲಿಗೂ ಹೋಗಲಿಲ್ಲ. ಹಳಿಯ ಅಡಿಗೆ ಅಡ್ಡಲಾಗಿ ಹಾಕಿದ ಕಾಂಕ್ರೀಟ್ ಸ್ಲೀಪರ್, ಅದಕ್ಕೆ ಹಳಿಯನ್ನು ಬಿಗಿಯುವ ಕ್ಲಿಪ್, ಸುತ್ತ ತುಂಬಿದ ಜಲ್ಲಿ ಮೂರೂ ಸೇರಿ ಹಳಿಯನ್ನು ಹಿಗ್ಗಗೊಡದೆ ಹಿಡಿದುಕೊಂಡಿರುತ್ತವೆ. ಹಿಗ್ಗಬೇಕಾದದ್ದು ಒತ್ತಡವಾಗಿ ಒಳಗೇ ಕೂರುತ್ತದೆ. ಬೆಸೆದ ಹಳಿಯ ಎರಡು ತುದಿಗಳಲ್ಲಿ ಸ್ವಲ್ಪ ಭಾಗ ಮಾತ್ರ ಹಿಂದೆ ಮುಂದೆ ಅಲುಗುತ್ತದೆ. ರೈಲ್ವೆ ಎಂಜಿನಿಯರುಗಳ ಭಾಷೆಯಲ್ಲಿ ಅದು ಹಳಿ ಉಸಿರಾಡುವ ಭಾಗ. ಉಳಿದದ್ದೆಲ್ಲ ಉಸಿರು ಬಿಗಿಹಿಡಿದು ಮಲಗಿರುತ್ತದೆ. ಬಿರುಬಿಸಿಲಿನಲ್ಲಿ ಹಳಿ ಗಾಳಿಗಿಂತ 15–20 ಡಿಗ್ರಿ ಹೆಚ್ಚು ಕಾಯುತ್ತದೆ. ಎಲ್ಲಾದರೂ ಜಲ್ಲಿ ಕಡಿಮೆಯಾಗಿದ್ದರೆ, ಕ್ಲಿಪ್ ಸಡಿಲವಾಗಿದ್ದರೆ ಹಳಿ ಅಲ್ಲಿ ಹಾವಿನ ಹಾಗೆ ಪಕ್ಕಕ್ಕೆ ಬಾಗಿಬಿಡುತ್ತದೆ. ಆದ್ದರಿಂದ ಬೇಸಿಗೆಯ ಮಧ್ಯಾಹ್ನ ಕಾವಲಿಗೆಂದೇ ಹಳಿಯ ಗುಂಟ ನಡೆಯುವವರಿದ್ದಾರೆ.

ನೀವು ನೋಡಿದ ನಾಲ್ಕನೇ ಶಾಟ್, ಏನೂ ನಡೆಯದ, ಬಿಸಿಲಿಗೆ ಹಳಿಯ ಮೇಲಿನ ಗಾಳಿ ನಡುಗುವ ಆ ಮೂರು ನಿಮಿಷ, ಅದು ಈ ಒತ್ತಡದ ಚಿತ್ರ. ಒಳಗೆ ಏನು ನಡೆಯುತ್ತಿದೆ ಎಂದು ಕ್ಯಾಮೆರಾಕ್ಕೆ ಕಾಣುವುದಿಲ್ಲ. ಹಾಗಾಗಿ ಅದು ಗೆದ್ದ ಶಾಟ್ ಎಂದು ನಾನು ಹೇಳಲಾರೆ. ಇಷ್ಟು ವಿವರಿಸಿದ ಮೇಲೆ ಅದನ್ನು ಮತ್ತೊಮ್ಮೆ ನೋಡಿದರೆ ನಿಮಗೆ ಬೇರೆ ಕಾಣಬಹುದು. ಆದರೆ ವಿವರಣೆ ಬೇಡುವ ಶಾಟ್ ಅರ್ಧ ಸೋತ ಶಾಟೇ.

ಬೆಸುಗೆ ಬಂದದ್ದರಿಂದ ಒಂದು ಸದ್ದು ಹೋಯಿತು. ನಮ್ಮ ವಯಸ್ಸಿನವರ ಮಟ್ಟಿಗೆ ರೈಲು ಎಂದರೆ ಟಕ-ಟಕ್, ಟಕ-ಟಕ್. ಪ್ರತಿ ಸಂದಿನ ಮೇಲೂ ಚಕ್ರ ಒಮ್ಮೆ ಬಡಿಯುತ್ತಿತ್ತು. ಶಿವಮೊಗ್ಗದಿಂದ ತಾಳಗುಪ್ಪಕ್ಕೆ ಮೀಟರ್ ಗೇಜ್ ಇದ್ದಾಗ ಓಡುತ್ತಿದ್ದ ರೈಲ್‌ಬಸ್ ನೆನಪಿದೆಯೇ? ಮುಖ ಬಸ್ಸಿನದು, ಕಾಲು ರೈಲಿನದು. ಅದರಲ್ಲಿ ಕೂತು ನಾನು ಮಕ್ಕಳಿಗೆ ಒಂದು ಲೆಕ್ಕ ಕಲಿಸುತ್ತಿದ್ದೆ. 12 ಮೀಟರಿನ ಹಳಿಯಾದರೆ, 43 ಸೆಕೆಂಡಿನಲ್ಲಿ ಎಷ್ಟು ಟಕ-ಟಕ್ ಎಣಿಸುತ್ತೀರೋ ಗಂಟೆಗೆ ಅಷ್ಟು ಕಿಲೋಮೀಟರ್ ವೇಗ. ಮನೆಗೆ ಹೋಗಿ ಕಾಗದದ ಮೇಲೆ ಮಾಡಿ ನೋಡಿ, ಸರಿಯಾಗಿ ಬರುತ್ತದೆ. ಗೇಜ್ ಬದಲಾಯಿತು, ಹಳಿ ಬೆಸೆದುಕೊಂಡಿತು, ಲೆಕ್ಕಕ್ಕೆ ಕೆಲಸ ತಪ್ಪಿತು. ಚಿತ್ರದಲ್ಲಿ ರೈಲು ಹಾದುಹೋಗುವಾಗ ನಿಮಗೆ ಕೇಳಿಸಿದ್ದು ಒಂದೇ ಸಮನಾದ ಮೊರೆತ. ಎಡಿಟಿಂಗ್ ಮಾಡುವಾಗ ‘ಹಳೆಯ ಟಕ-ಟಕ್ ಸದ್ದು ಹಾಕೋಣ ಸರ್, ಜನಕ್ಕೆ ಇಷ್ಟವಾಗುತ್ತದೆ’ ಎಂದ ನಮ್ಮ ಕ್ಯಾಮೆರಾದವನು. ಇಲ್ಲದ ಸಂದನ್ನು ಕಿವಿಗೆ ತೋರಿಸುವುದು ಮತ್ತದೇ ಎರಡು ಅಂಕದ ತಪ್ಪಾಗುತ್ತಿತ್ತು.

ಈಗ ಕೀಮ್ಯಾನ್ ವಿಚಾರಕ್ಕೆ ಬರುತ್ತೇನೆ. ನಾನು ಇಲ್ಲಿಗೆ ಬಂದದ್ದೇ ಅದಕ್ಕಾಗಿ. ಹಿಂದೆ ಹಳಿಯನ್ನು ಸ್ಲೀಪರಿಗೆ ಬಿಗಿಯಲು ‘ಕೀ’ ಎಂಬ ಬೆಣೆಗಳಿದ್ದವು. ಅವು ರೈಲಿನ ಅದುರಿಗೆ ಸಡಿಲವಾಗುತ್ತಿದ್ದವು. ದಿನಾ ಹೋಗಿ ಬಡಿದು ಕೂರಿಸುವವನು ಕೀಮ್ಯಾನ್. ಈಗ ಬೆಣೆಯ ಜಾಗದಲ್ಲಿ ಬಾಗಿದ ಉಕ್ಕಿನ ಕ್ಲಿಪ್ ಬಂದಿದೆ. ಕೀ ಹೋಯಿತು, ಕೀಮ್ಯಾನ್ ಉಳಿದ. ಕೈಯಲ್ಲಿ ಉದ್ದ ಹಿಡಿಯ ಸುತ್ತಿಗೆ, ಹೆಗಲಿಗೆ ಸ್ಪ್ಯಾನರ್, ಕೆಂಪು ಹಸಿರು ಬಾವುಟ, ಅಪಾಯ ಕಂಡರೆ ಹಳಿಯ ಮೇಲಿಟ್ಟು ಚಾಲಕನನ್ನು ಎಚ್ಚರಿಸುವ ಪಟಾಕಿ. ಹೋಗುವಾಗ ಒಂದು ಹಳಿ ನೋಡುತ್ತಾ ಹೋಗುತ್ತಾನೆ, ಬರುವಾಗ ಇನ್ನೊಂದು. ಕಿಲೋಮೀಟರಿಗೆ 1660 ಸ್ಲೀಪರ್ ಎಂದಿಟ್ಟುಕೊಳ್ಳಿ, ಸ್ಲೀಪರಿಗೆ ನಾಲ್ಕು ಕ್ಲಿಪ್, ಅಲ್ಲಿಗೆ 6640. ಆರು ಕಿಲೋಮೀಟರ್ ಹೋಗಿ ಬಂದರೆ ಹತ್ತಿರ ಹತ್ತಿರ 40,000 ಕ್ಲಿಪ್ಪುಗಳ ಮೇಲೆ ಕಣ್ಣಾಡಬೇಕು. ನಿನ್ನೆಯೂ ಅವೇ, ನಾಳೆಯೂ ಅವೇ.

ಕೇಳುವಾಗ ಇದು ಬೇಸರದ ಕೆಲಸ ಎನಿಸುತ್ತದೆ. ನನಗೂ ಎನಿಸಿತ್ತು. ಚಿತ್ರವನ್ನು ಶುರು ಮಾಡಿದಾಗ ನನ್ನ ತಲೆಯಲ್ಲಿದ್ದದ್ದು ‘ಯಾಂತ್ರಿಕ ದಿನಚರಿ’ ಎಂಬ ಪದ. ಮನುಷ್ಯ ಯಂತ್ರವಾಗುವ ದುಃಖ, ಹೀಗೆಲ್ಲ ಏನೇನೋ. ಅದನ್ನು ಬಿಡಿಸಿದ್ದು ಒಬ್ಬ ನಿವೃತ್ತ ಕೀಮ್ಯಾನ್. ಹೆಸರು ಬೇಡ ಎಂದಿದ್ದಾರೆ, ಆದ್ದರಿಂದ ಯಜಮಾನರು ಎನ್ನುತ್ತೇನೆ. ಹಿಂದಿನ ವರ್ಷದ ಆಷಾಢದಲ್ಲಿ ತೆಗೆದದ್ದು, ಆ ಏಪ್ರಿಲ್‌ನಲ್ಲಿ ತೆಗೆದದ್ದು ಎಲ್ಲ ಸೇರಿಸಿ 40 ನಿಮಿಷಕ್ಕೆ ಜೋಡಿಸಿ, ಮೇ ತಿಂಗಳ ಒಂದು ಸಂಜೆ ಅವರ ಮನೆಗೆ ಲ್ಯಾಪ್‌ಟಾಪ್ ಹೊತ್ತುಕೊಂಡು ಹೋದೆವು. ಜಗಲಿಯ ಮೇಲೆ ಒಣಗಲು ಹರವಿದ್ದ ಹಪ್ಪಳವನ್ನು ಅವರ ಮನೆಯವರು ಎತ್ತಿ ಜಾಗ ಮಾಡಿಕೊಟ್ಟರು. ಯಜಮಾನರು ಕನ್ನಡಕ ಹಾಕಿಕೊಂಡು ಮೊಣಕಾಲ ಮೇಲೆ ಕೈ ಊರಿ ಕೂತರು.

ಮೂರನೇ ಶಾಟ್ ಬಂತು. ಮುಂಜಾವಿನ ಓರೆ ಬಿಸಿಲು, ಖಾಲಿ ಹಳಿ, ಎರಡು ಸ್ಲೀಪರುಗಳ ನಡುವಿನ ಜಲ್ಲಿಯ ಮೇಲೆ ಒಂದಿಷ್ಟು ಬೆಳ್ಳನೆಯ ಬೆಳಕು ಚೆಲ್ಲಿದ ಹಾಗಿದೆ. ನಾವಿಬ್ಬರೂ ಬಹಳ ಮೆಚ್ಚಿಕೊಂಡಿದ್ದ ಶಾಟ್ ಅದು. ಕ್ಯಾಮೆರಾ ಅಲುಗುವುದಿಲ್ಲ. ಒಂದು ನಿಮಿಷವಾಯಿತು, ಎರಡಾಯಿತು. ಯಜಮಾನರು ಮುಂದಕ್ಕೆ ಬಾಗಿದರು. ಕನ್ನಡಕ ತೆಗೆದು ಪಂಚೆಯ ಅಂಚಿನಲ್ಲಿ ಒರೆಸಿ ಮತ್ತೆ ಹಾಕಿಕೊಂಡರು. ನನಗೆ ಒಳಗೊಳಗೇ ಹಿಗ್ಗು.

‘ಇದು ಯಾವಾಗ ತೆಗೆದದ್ದು ಮೇಷ್ಟ್ರೇ?’

‘ಏಪ್ರಿಲ್‌ನಲ್ಲಿ, ಯಜಮಾನರೇ. ಯಾಕೆ?’

‘ಗೇಟಿನವರಿಗೆ ಹೇಳಿದಿರಾ?’

‘ಏನಂತ?’

ಅವರು ನನ್ನ ಮುಖ ನೋಡಿದರು. ಬುದ್ಧಿವಂತ ಎಂದು ಇಷ್ಟು ದಿನ ತಿಳಿದುಕೊಂಡಿದ್ದವನು ಅಲ್ಲ ಎಂದು ಗೊತ್ತಾದಾಗ ನೋಡುತ್ತಾರಲ್ಲ, ಹಾಗೆ. ಆಮೇಲೆ ಪರದೆಯ ಮೇಲೆ ಬೆರಳಿಟ್ಟರು. ನಾವು ಬೆಳಕು ಎಂದುಕೊಂಡದ್ದು ಬೆಳಕಲ್ಲ, ಪುಡಿ. ಸ್ಲೀಪರಿನ ಕೆಳಗೆ ಜಲ್ಲಿ ಸರಿಯಾಗಿ ಕೂರದಿದ್ದರೆ ಸ್ಲೀಪರ್ ಹಳಿಗೆ ನೇತಾಡುತ್ತಿರುತ್ತದೆ. ಪ್ರತಿ ಚಕ್ರ ಹಾದಾಗಲೂ ಅದು ಕೆಳಗೆ ಹೋಗಿ ಜಲ್ಲಿಯನ್ನು ಅರೆಯುತ್ತದೆ, ಒರಳಿನ ಹಾಗೆ. ಅರೆದ ಕಲ್ಲಿನ ಪುಡಿ ಬೆಳ್ಳಗೆ ಮೇಲೆ ಬರುತ್ತದೆ. ‘ಮಳೆ ಬಿದ್ದರೆ ಅದೇ ಕೆಸರಾಗಿ ಚಿಮ್ಮುತ್ತದೆ. ಆಗ ಯಾರಿಗಾದರೂ ಕಾಣುತ್ತದೆ. ಈಗಲೇ ಕಾಣಬೇಕು’ ಎಂದರು. ಆಮೇಲೆ ಅವರು ಹೇಳಿದ ಮಾತೇ ಈ ಚಿತ್ರವನ್ನು 40 ನಿಮಿಷದಿಂದ 24ಕ್ಕೆ ಇಳಿಸಿದ್ದು: ‘ನೀವು ಅಷ್ಟು ಹೊತ್ತು ತೋರಿಸಿದಿರಲ್ಲ, ಏನೋ ಕೆಟ್ಟಿರಬೇಕು ಎಂದೇ ನಾನು ನೋಡಿದೆ. ಕೆಡದೆ ಇರುವುದನ್ನು ಯಾರು ಅಷ್ಟು ಹೊತ್ತು ನೋಡುತ್ತಾರೆ?’

ಸಾವಧಾನದ ಸಿನಿಮಾ, ಧ್ಯಾನದಂಥ ಸಿನಿಮಾ ಎಂದೆಲ್ಲ ಈ ಬಗೆಯ ಚಿತ್ರಗಳಿಗೆ ಹೆಸರಿದೆ. ಇವತ್ತಿನ ಆಹ್ವಾನಪತ್ರದಲ್ಲಿಯೂ ಹಾಗೇ ಹಾಕಿದ್ದಾರೆ. ಧ್ಯಾನ ಎಂಬ ಮಾತು ನನಗೆ ಇರಿಸುಮುರಿಸು. ಕೀಮ್ಯಾನ್ ಧ್ಯಾನಕ್ಕೆ ಕೂತರೆ ಊರು ಉಳಿಯುವುದಿಲ್ಲ. ನಾವು ಸೌಂದರ್ಯಕ್ಕಾಗಿ ಒಂದನ್ನೇ ನೋಡುತ್ತೇವೆ, ಅವರು ನಿನ್ನೆಗೂ ಇವತ್ತಿಗೂ ಇರುವ ವ್ಯತ್ಯಾಸಕ್ಕಾಗಿ ನೋಡುತ್ತಾರೆ. ಒಂದೇ ಹಳಿಯನ್ನು ಸಾವಿರ ಸಲ ನೋಡಿದವನಿಗೇ ಸಾವಿರದ ಒಂದನೇ ಸಲ ಬೆಳ್ಳನೆಯ ಚಿಟಿಕೆ ಪುಡಿ ಕಾಣುವುದು. ದಿನಚರಿ ಅವರ ಕಣ್ಣನ್ನು ಮೊಂಡು ಮಾಡಿರಲಿಲ್ಲ, ಸಾಣೆ ಹಿಡಿದಿತ್ತು.

ಇದು ನಮ್ಮ ಕಡೆಯವರಿಗೆ ಹೊಸದೇನಲ್ಲ. ಸಾಗರ, ತೀರ್ಥಹಳ್ಳಿ ಕಡೆಯಿಂದ ಬಂದವರು ಇಲ್ಲಿದ್ದೀರಿ. ಆಷಾಢದ ಮಳೆಯಲ್ಲಿ ಕಂಬಳಿಕೊಪ್ಪೆ ಹಾಕಿಕೊಂಡು ‘ತೋಟಕ್ಕೆ ಒಂದು ಸುತ್ತು ಹೋಗಿ ಬರುತ್ತೇನೆ’ ಎಂದು ಹೊರಡುವ ಅಪ್ಪಂದಿರನ್ನು ನೋಡಿದ್ದೀರಿ. ದಿನಾ ಅದೇ ಸುತ್ತು, ಅದೇ ಮರಗಳು. ಕತ್ತೆತ್ತಿ ನೋಡುವುದು ಅಡಿಕೆಯ ಕೊನೆಯನ್ನು, ಅಂದರೆ ಗೊನೆಯನ್ನು; ಹುಡುಕುವುದು ಕೊಳೆರೋಗವನ್ನು. ಕಾಯಿಯ ಮೇಲೆ ನೀರು ಕುಡಿದ ಹಾಗೆ ಒಂದು ಚುಕ್ಕೆ ಕಂಡಿತೋ, ಮಳೆ ಹೊಳವಾದ ತಕ್ಷಣ ಕೊಳೆಗೆ ಸಿಂಪಡಿಸುವ ಬೋರ್ಡೋ ದ್ರಾವಣಕ್ಕೆ ಓಡಬೇಕು. ಅದೇ ಹೊತ್ತಿಗೆ ಬೆಂಗಳೂರಿನಿಂದ ಬಂದ ನೆಂಟರು ಜಗಲಿಯಲ್ಲಿ ಕಾಫಿ ಹಿಡಿದು ‘ಎಷ್ಟು ಚೆಂದದ ಮಳೆ!’ ಎನ್ನುತ್ತಿರುತ್ತಾರೆ. ನನ್ನ 40 ನಿಮಿಷದ ಚಿತ್ರ ಆ ನೆಂಟರು ತೆಗೆದ ಚಿತ್ರವಾಗಿತ್ತು.

ಯಜಮಾನರ ಮನೆಯಿಂದ ವಾಪಸು ಬರುವಾಗ ಒಂದು ಪದ ತಲೆಯೊಳಗೆ ಹೊಕ್ಕಿತು. ಕಾಯುವುದು. ಬಿಸಿಲಿಗೆ ಹಳಿ ಕಾಯುತ್ತದೆ. ಹಳಿಯನ್ನು ಕೀಮ್ಯಾನ್ ಕಾಯುತ್ತಾನೆ. ರೈಲಿಗಾಗಿ ನಾವು ಕಾಯುತ್ತೇವೆ. ಮೂರಕ್ಕೂ ಕನ್ನಡ ಒಂದೇ ಮಾತು ಇಟ್ಟುಕೊಂಡಿದೆ, ‘ಕಾದ’ ಎಂದರೂ ಮೂರೂ ಅರ್ಥ ಬರುತ್ತವೆ. ಭಾಷಾಶಾಸ್ತ್ರ ಓದಿದವರು ಇದು ಬರೀ ಆಕಸ್ಮಿಕ ಎನ್ನಬಹುದು, ಎನ್ನಲಿ. ಮತ್ತೆ ಎಡಿಟಿಂಗಿಗೆ ಕೂತಾಗ ಪ್ರತಿ ಶಾಟಿಗೂ ನಾವು ಕೇಳಿಕೊಂಡದ್ದು ಇಷ್ಟೇ, ಇಲ್ಲಿ ಕಾಯುತ್ತಿರುವವರು ಯಾರು? ಯಾರೂ ಇಲ್ಲ ಎಂದಾದರೆ ತೆಗೆದೆವು. ಹಾಗೆ ಹೋದದ್ದರಲ್ಲಿ ಅರಸಾಳಿನ ಸ್ಟೇಷನ್ನಿನ ಒಂದು ಸುಂದರ ಶಾಟ್ ಕೂಡ ಇತ್ತು. ಶಂಕರ್‌ನಾಗ್ ಮಾಲ್ಗುಡಿಯ ಕತೆಗಳನ್ನು ಚಿತ್ರೀಕರಿಸಿದ ಜಾಗ. 2020ರಿಂದ ಅದು ವಸ್ತುಸಂಗ್ರಹಾಲಯ. ನನಗೆ ಪ್ರೀತಿಯ ಜಾಗವೇ. ಆದರೆ ಅಲ್ಲಿ ನಾವೆಲ್ಲ ನೆನಪಿಗೆ ಹೋಗುತ್ತೇವೆ, ಕೆಲಸಕ್ಕೆ ಅಲ್ಲ.

ಉಳಿದ ಶಾಟ್‌ಗಳಲ್ಲಿ ಒಂದನ್ನು ಮಾತ್ರ ಬಿಡಿಸಿ ಹೇಳುತ್ತೇನೆ. ಗ್ಯಾಂಗಿನ ಮೇಟ್, ಅಂದರೆ ಹಳಿ ರಿಪೇರಿ ತಂಡದ ಮುಖ್ಯಸ್ಥ, ಹಳಿಯ ಪಕ್ಕ ಮಂಡಿಯೂರಿ, ಕೆನ್ನೆ ಹಳಿಗೆ ತಾಗುವಷ್ಟು ಬಾಗಿ, ಒಂದು ಕಣ್ಣು ಮುಚ್ಚಿ ದೂರಕ್ಕೆ ನೋಡುತ್ತಾರೆ. ಮೂವತ್ತು ನಲವತ್ತು ಮೀಟರ್ ಆಚೆ ನಾಲ್ಕು ಜನ ಹಾರೆ ಹಾಕಿ ನಿಂತಿದ್ದಾರೆ. ಮೇಟ್ ಬಲಗೈ ಬೀಸಿದರೆ ಹಳಿ ಕೂದಲೆಳೆಯಷ್ಟು ಬಲಕ್ಕೆ. ಒಬ್ಬ ಕೂಗುತ್ತಾನೆ, ಮೂವರು ‘ಐಸಾ’ ಎನ್ನುತ್ತಾರೆ. ಈಗ ಜಲ್ಲಿ ಕೂರಿಸಲು, ಹಳಿ ನೇರ ಮಾಡಲು ದೊಡ್ಡ ಯಂತ್ರಗಳು ಬಂದಿವೆ. ಆದರೂ ಅಲ್ಲೊಂದು ಇಲ್ಲೊಂದು ಕಡೆ ಇದೇ ಕಣ್ಣು, ಇದೇ ಹಾರೆ. ನಾವು ಕ್ಯಾಮೆರಾವನ್ನು ಎಲ್ಲಿ ಇಡುವುದು ಎಂದು ಬಹಳ ಯೋಚಿಸಿದೆವು. ಕೊನೆಗೆ ಮೇಟ್ ಎದ್ದು ಹೋದ ಮೇಲೆ, ಅವರು ಕಣ್ಣಿಟ್ಟಿದ್ದ ಜಾಗದಲ್ಲಿಯೇ ಲೆನ್ಸ್ ಇಟ್ಟೆವು. ಅಲ್ಲಿಂದ ನೋಡಿದರೆ, ನಿಂತಾಗ ಗೆರೆ ಎಳೆದ ಹಾಗೆ ಕಾಣುತ್ತಿದ್ದ ಹಳಿ ಅಲೆ ಅಲೆಯಾಗಿತ್ತು. ನಾನು ಬೆಚ್ಚಿದೆ. ‘ಇಷ್ಟೆಲ್ಲ ಇದ್ದದ್ದೇ ಸಾರ್, ಇದು ಒಳ್ಳೆಯ ಲೈನು’ ಎಂದು ಮೇಟ್ ಸಮಾಧಾನ ಮಾಡಿದರು. ಹಾಂ, ಇದನ್ನೆಲ್ಲ ಅನುಮತಿ ಪಡೆದು, ಅವರ ಕಣ್ಣಳತೆಯಲ್ಲಿಯೇ ತೆಗೆದದ್ದು. ಹುಡುಗರು ಹಳಿಯ ಮೇಲೆ ನಿಂತು ರೀಲ್ಸ್ ಮಾಡುವುದನ್ನು ನೋಡುತ್ತಿದ್ದೇನೆ. 1989ರ ರೈಲ್ವೆ ಕಾಯ್ದೆಯ 147ನೇ ಕಲಮಿನ ಪ್ರಕಾರ ಅದು ಅಪರಾಧ. ಅದಕ್ಕಿಂತ ಮುಖ್ಯವಾಗಿ, ಬೆಸೆದ ಹಳಿಯ ಮೇಲೆ ರೈಲು ಬರುವುದು ಮೊದಲಿನ ಹಾಗೆ ದೂರದಿಂದ ಕೇಳಿಸುವುದಿಲ್ಲ.

ರೈಲು, ಕಾರ್ಖಾನೆ ಎಂದರೆ ಸಿನಿಮಾಕ್ಕೆ ತವರುಮನೆ. 1896ರ ಜುಲೈ 7ರಂದು ಮುಂಬಯಿಯ ವಾಟ್ಸನ್ ಹೋಟೆಲಿನಲ್ಲಿ ಫ್ರಾನ್ಸಿನ ಲುಮಿಯೇರ್ ಸಹೋದರರ ಚಿತ್ರಗಳು ನಮ್ಮ ದೇಶದಲ್ಲಿ ಮೊದಲ ಸಲ ತೆರೆಕಂಡಾಗ, ಆ ಕೆಲವೇ ತುಣುಕುಗಳಲ್ಲಿ ಒಂದು ರೈಲು ಬರುವುದು, ಇನ್ನೊಂದು ಕಾರ್ಖಾನೆಯಿಂದ ಕೆಲಸಗಾರರು ಹೊರಬರುವುದು. ಒಂದೊಂದೂ ಒಂದು ನಿಮಿಷಕ್ಕಿಂತ ಕಡಿಮೆ, ಏಕೆಂದರೆ ಸುರುಳಿಯ ಉದ್ದವೇ ಸುಮಾರು 17 ಮೀಟರ್. ಒಂದು ಹಳಿಗಿಂತ ನಾಲ್ಕು ಮೀಟರ್ ಹೆಚ್ಚು, ಅಷ್ಟೇ. ಆ ಕಾರ್ಖಾನೆಯ ಚಿತ್ರವನ್ನು ಅವರು ಒಂದಕ್ಕಿಂತ ಹೆಚ್ಚು ಸಲ ತೆಗೆದಿದ್ದಾರೆ. ಕಾರ್ಖಾನೆ ಅವರದೇ, ಕೆಲಸಗಾರರೂ ಅವರವರೇ. ದಿನಾ ಸುಮ್ಮನೆ ಹೊರಗೆ ಬರುವವರು ಕ್ಯಾಮೆರಾದ ಮುಂದೆ ಮತ್ತೆ ಮತ್ತೆ ಹೊರಗೆ ಬರಬೇಕಾಯಿತು. ಅಂದರೆ ದಿನಚರಿಯನ್ನು ಇದ್ದ ಹಾಗೆ ಹಿಡಿಯುವುದು ಮೊದಲ ದಿನದಿಂದಲೂ ಕಷ್ಟದ ಕೆಲಸವೇ.

ನಮ್ಮ ಎಂಟನೇ ಶಾಟ್ ಭದ್ರಾವತಿಯದು, ಕಬ್ಬಿಣದ ಕಾರ್ಖಾನೆಯ ಹಳಿಯ ಮೇಲೆ ಹುಲ್ಲು ಬೆಳೆದಿರುವುದು. ಭದ್ರಾವತಿಯ ಮಂದಿಗೆ ನಾನು ಹೊಸದಾಗಿ ಹೇಳಬೇಕಾದದ್ದೇನಿಲ್ಲ. 1923ರಲ್ಲಿ ಕಬ್ಬಿಣ ತೆಗೆಯಲು ಶುರು ಮಾಡಿದಾಗ ಕುಲುಮೆಗೆ ಹಾಕುತ್ತಿದ್ದದ್ದು ನಮ್ಮ ಕಾಡಿನ ಇದ್ದಿಲು; ಅದಿರು ಕೆಮ್ಮಣ್ಣುಗುಂಡಿಯದು. ಸೌದೆ ತರಲು ಕಾಡಿನೊಳಕ್ಕೆ ಪುಟ್ಟ ಹಳಿಗಳು ಹೋಗಿದ್ದವು. ನ್ಯೂಟೌನಿನಲ್ಲಿ ನನ್ನ ಚಿಕ್ಕಪ್ಪನ ಮನೆ ಇತ್ತು. ರಜಕ್ಕೆ ಹೋದಾಗ ಆ ಮನೆಯಲ್ಲಿ ಗಡಿಯಾರವನ್ನು ಯಾರೂ ನೋಡಿದ್ದು ನನಗೆ ನೆನಪಿಲ್ಲ. ಆರರ ಕೂಗು, ಎರಡರ ಕೂಗು, ಹತ್ತರ ಕೂಗು. ಸೈರನ್ ಎನ್ನುತ್ತಿರಲಿಲ್ಲ, ಕೂಗು ಎನ್ನುತ್ತಿದ್ದರು, ಮನೆಯವರು ಯಾರೋ ಕರೆದ ಹಾಗೆ. ಎರಡರ ಕೂಗಿಗೆ ಸರಿಯಾಗಿ ಚಿಕ್ಕಮ್ಮ ಸಾರಿಗೆ ಒಗ್ಗರಣೆ ಹಾಕುತ್ತಿದ್ದರು. ಚಿಕ್ಕಪ್ಪ ಸೈಕಲ್ ನಿಲ್ಲಿಸಿ ಕೈಕಾಲು ತೊಳೆಯುವಷ್ಟರಲ್ಲಿ ತಟ್ಟೆ ಇರುತ್ತಿತ್ತು.

2015ರಲ್ಲಿ ಕಾಗದದ ಕಾರ್ಖಾನೆ ನಿಂತಿತು. 2023ರ ಜನವರಿಯಲ್ಲಿ ಕಬ್ಬಿಣದ ಕಾರ್ಖಾನೆಯನ್ನೂ ಮುಚ್ಚುವ ನಿರ್ಧಾರ ಪ್ರಕಟವಾದಾಗ ಗುತ್ತಿಗೆ ಕಾರ್ಮಿಕರು ಗೇಟಿನ ಮುಂದೆ ಧರಣಿ ಕೂತರು. ಆ ಗೇಟಿನ ಮುಂದೆ ಕ್ಯಾಮೆರಾ ಇಡಲು ನನಗೆ ಮನಸ್ಸು ಬರಲಿಲ್ಲ. ಕೆಲಸ ಮುಗಿಸಿ ಹೊರಬರುವವರನ್ನು ತೆಗೆಯುವುದು ಒಂದು. ಒಳಗೆ ಬಿಡಿ ಎಂದು ಹೊರಗೆ ಕೂತವರನ್ನು ‘ಸಾವಧಾನ’ವಾಗಿ ತೆಗೆಯುವುದು ಇನ್ನೊಂದು. ಎರಡನೆಯದನ್ನು ಸುದ್ದಿಯವರು ತೆಗೆಯಬೇಕು, ಜೋರಾಗಿ ತೆಗೆಯಬೇಕು. ಹುಲ್ಲು ಬೆಳೆದ ಹಳಿಯನ್ನು ಮಾತ್ರ ಇಟ್ಟುಕೊಂಡೆ. ಹೊಳೆಯದ ಹಳಿ ಎಂದರೆ ಏನೆಂದು ಯಜಮಾನರಿಗೆ ಹೇಳಬೇಕಾಗಲಿಲ್ಲ. ಚಕ್ರ ಓಡಿದರೆ ಹಳಿಯ ನೆತ್ತಿ ಕನ್ನಡಿಯಂತೆ ಇರುತ್ತದೆ. ನಿಂತು ನಾಲ್ಕು ದಿನಕ್ಕೆ ತುಕ್ಕು. ಆ ಶಾಟಿನಲ್ಲಿ ಅವರು ಏನೂ ಮಾತಾಡದೆ ಎದ್ದು ಹೋಗಿ ನೀರು ಕುಡಿದು ಬಂದರು.

ಇಂಥ ಚಿತ್ರಗಳನ್ನು ಯಾರು ನೋಡುತ್ತಾರೆ ಎಂದು ಬೆಳಿಗ್ಗೆ ಒಬ್ಬ ಗೆಳೆಯರು ಕೇಳಿದರು. ಈ ಜಿಲ್ಲೆಯಲ್ಲಿ ಆ ಪ್ರಶ್ನೆ ಕೇಳಬಾರದು. 1970ರ ದಶಕದಲ್ಲಿ ಹೆಗ್ಗೋಡಿನಲ್ಲಿ ಕೆ.ವಿ. ಸುಬ್ಬಣ್ಣನವರು ಚಿತ್ರಸಮಾಜ ಕಟ್ಟಿ, ಹೊರದೇಶದ ಚಿತ್ರಗಳನ್ನು ತರಿಸಿ ತೋಟದ ಕೆಲಸ ಮುಗಿಸಿ ಬಂದವರ ಮುಂದೆ ಇಟ್ಟವರು. ಜನ ಕೂತು ನೋಡಿದರು. ಕಾಯಲು ಬಲ್ಲವರಿಗೆ ನಿಧಾನ ಎನ್ನುವುದು ಕಷ್ಟವಲ್ಲ.

ಕೊನೆಯ ಶಾಟಿನ ಬಗ್ಗೆ ಯಾರೋ ಚೀಟಿ ಕಳಿಸಿದ್ದಾರೆ: ‘ಕತ್ತಲಲ್ಲಿ ಎರಡು ದೀಪಗಳು, ಅದು ಏನು?’ ಅದು ಮಳೆಗಾಲದ ರಾತ್ರಿಯ ಗಸ್ತು. ಗುಡ್ಡ ಕುಸಿಯುವ, ನೀರು ಏರುವ ಕಡೆ ರಾತ್ರಿಯೆಲ್ಲ ಹಳಿಯ ಗುಂಟ ನಡೆಯುತ್ತಾರೆ. ಆ ಕಡೆಯಿಂದ ಒಬ್ಬರು, ಈ ಕಡೆಯಿಂದ ಒಬ್ಬರು. ನಡುವೆ ಸೇರಿ ತಮ್ಮ ತಮ್ಮ ಗಸ್ತು ಪುಸ್ತಕವನ್ನು ಅದಲು ಬದಲು ಮಾಡಿಕೊಂಡು ಮತ್ತೆ ತಿರುಗಿ ಹೋಗುತ್ತಾರೆ. ಇಬ್ಬರೂ ಅಲ್ಲಿಯವರೆಗೆ ನಡೆದಿದ್ದಾರೆ ಎಂಬುದಕ್ಕೆ ಅದೇ ಸಾಕ್ಷಿ. ನಾವು ಲೆವೆಲ್ ಕ್ರಾಸಿಂಗಿನಿಂದ ತೆಗೆದದ್ದು. ಕಂಡದ್ದು ದೀಪ ಮಾತ್ರ. ಅವರು ಏನು ಮಾತಾಡಿಕೊಂಡರು ಎಂದು ಮಳೆಯ ಸದ್ದಿನಲ್ಲಿ ಕೇಳಲಿಲ್ಲ. ಒಂದು ದೀಪ ಸ್ವಲ್ಪ ಹೊತ್ತು ಕೆಳಗಿಳಿದು ನಿಂತಿತ್ತು. ಎಲೆಅಡಿಕೆ ಹಾಕಿಕೊಂಡರೇನೋ.

ಇನ್ನು ಆ ಬೆಳ್ಳನೆಯ ಪುಡಿಯ ಕತೆಯನ್ನು ಅರ್ಧಕ್ಕೆ ಬಿಟ್ಟಿದ್ದೇನೆ. ಯಜಮಾನರು ಹೇಳಿದ ಮಾರನೆಯ ಬೆಳಿಗ್ಗೆ, ರಾತ್ರಿ ನಿದ್ದೆ ಇಲ್ಲದ ಕಣ್ಣಿನಲ್ಲಿ ನಾವಿಬ್ಬರೂ ಸ್ಕೂಟರ್ ಹತ್ತಿ ಆ ಗೇಟಿಗೆ ಓಡಿದೆವು. ಯಾವ ಗೇಟು ಎಂದು ಕೇಳಬೇಡಿ. ಲ್ಯಾಪ್‌ಟಾಪ್ ತೆರೆದು ಗೇಟ್‌ಮ್ಯಾನ್‌ಗೆ ಶಾಟ್ ತೋರಿಸಿ, ಏದುಸಿರು ಬಿಡುತ್ತಾ ಎಲ್ಲ ವಿವರಿಸಿದೆ. ಹಿಂದಿನ ಸಂಜೆಯಷ್ಟೇ ಕಲಿತದ್ದನ್ನು ಹುಟ್ಟಿನಿಂದ ಬಲ್ಲವನ ಹಾಗೆ. ಅವರು ತಿಂಡಿಯ ಡಬ್ಬಿ ಮುಚ್ಚಿಟ್ಟು ಪೂರ್ತಿ ಕೇಳಿದರು. ಆಮೇಲೆ ನಕ್ಕರು.

‘ಅದನ್ನು ನೀವು ಕ್ಯಾಮೆರಾ ತಂದ ಮೂರನೇ ದಿನವೇ ಗ್ಯಾಂಗಿನವರು ಬಂದು ಸರಿ ಮಾಡಿದರಲ್ಲ ಸಾರ್. ನೀವು ಫೋಟೊ ತೆಗೆಯುತ್ತಿದ್ದಾಗಲೇ ಕೀಮ್ಯಾನ್ ಗುರುತು ಹಾಕಿಕೊಂಡು ಹೋಗಿದ್ದ. ನಿಮ್ಮ ಕಾಲಿನ ಹತ್ತಿರವೇ ನಿಂತು.’

ಆಷಾಢದಲ್ಲಿ ಮತ್ತೆ ಅಲ್ಲಿಗೆ ಹೋದೆವು, ಅದೇ ಜಾಗದಿಂದ ಇನ್ನೊಂದು ಶಾಟ್ ತೆಗೆಯೋಣ ಎಂದು. ಸ್ಲೀಪರುಗಳನ್ನು ಎಣಿಸಿದೆವು, ಹಳೆಯ ಶಾಟನ್ನು ಮೊಬೈಲಿನಲ್ಲಿ ಹಿಡಿದು ಹೋಲಿಸಿ ನೋಡಿದೆವು. ಜಲ್ಲಿಯೆಲ್ಲ ಮಳೆಗೆ ತೊಳೆದು ಒಂದೇ ಕಪ್ಪು. ಅರ್ಧ ಗಂಟೆ ಹುಡುಕಿದರೂ ಆ ಜಾಗ ಯಾವುದೆಂದು ನಮಗೆ ಗೊತ್ತಾಗಲಿಲ್ಲ.